ಚಪ್ಪಾಳೆ ಅಕ್ಕನ ಕೆಟ್ಟುಹೋದ ರೆಕಾರ್ಡಿಂಗ್

ನಮ್ಮ ಪ್ರಯೋಗಾಲಯದ ಬಾಗಿಲ ಮೇಲೆ ಉದ್ದನೆಯ ಒಂದು ಹೆಸರಿದೆ. ಅದನ್ನು ಪೂರ್ತಿ ಓದುವಷ್ಟರಲ್ಲಿ ಬಸ್ಸು ತಪ್ಪಿಹೋಗುತ್ತದೆ. ಒಳಗೆ ನಡೆಯುವ ಕೆಲಸ ಮಾತ್ರ ಸರಳ. ಕೆಡವಲಿರುವ ಹಳೆಯ ಕಟ್ಟಡಗಳಿಗೆ ಹೋಗಿ, ಒಂದೊಂದು ಕೋಣೆಯಲ್ಲೂ ಒಂದು ಸದ್ದು ಮಾಡಿ, ಗೋಡೆಗಳು ಅದನ್ನು ಹೇಗೆ ಹಿಂದಿರುಗಿಸುತ್ತವೆ ಎಂಬುದನ್ನು ಹಿಡಿದು ತರುತ್ತೇವೆ. ಸುತ್ತಲೂ ಸ್ಪೀಕರುಗಳಿರುವ ಕೋಣೆಯೊಂದು ನಮ್ಮಲ್ಲಿದೆ, ಅದಕ್ಕೆ ಕೇಳುಕೋಣೆ ಅನ್ನುತ್ತೇವೆ. ಅಲ್ಲಿ ನಿಂತು ನೀವು ಕೆಮ್ಮಿದರೆ ಸಾಕು, ಎಂದೋ ಉರುಳಿಹೋದ ನ್ಯಾಯಾಲಯವೋ ಶಾಲೆಯೋ ನಿಮ್ಮ ಕೆಮ್ಮನ್ನು ನಿಮಗೇ ಮರಳಿಸುತ್ತದೆ. ಕಾಲ ಕಳೆದುಹೋದ ಮೇಲೂ ಅದರ ಪ್ರತಿಧ್ವನಿ ಉಳಿಯುತ್ತದೆಯೇ ಎಂಬುದು ನಮ್ಮ ನಿರ್ದೇಶಕರ ಪ್ರಶ್ನೆ. ಈ ಸ್ಪೀಕರುಗಳು ಇನ್ನೊಂದು ವರ್ಷ ಉಳಿಯುತ್ತವೆಯೇ ಎಂಬುದು, ಅವುಗಳನ್ನು ನೋಡಿಕೊಳ್ಳುವ ನನ್ನ ಪ್ರಶ್ನೆ.

ಸದ್ದು ಮಾಡುವ ಕೆಲಸ ಚಪ್ಪಾಳೆ ಅಕ್ಕನದು. ಹೆಸರು ಹಾಗಿದ್ದರೂ ಅವಳು ಕೈ ತಟ್ಟುವುದಿಲ್ಲ. ಕೀಲು ಹಾಕಿದ ಎರಡು ಮರದ ಹಲಗೆಗಳನ್ನು ಪಟ್ಟನೆ ಬಡಿಯುತ್ತಾಳೆ. ಆಗ ಕೋಣೆಯಲ್ಲಿ ನರಪಿಳ್ಳೆಯೂ ಇರಕೂಡದು, ಅದು ನಮ್ಮಲ್ಲಿ ಕಟ್ಟುನಿಟ್ಟು. ಮನುಷ್ಯರ ಮೈ, ಉಟ್ಟ ಬಟ್ಟೆ ಎಲ್ಲ ಸದ್ದನ್ನು ಕುಡಿದುಬಿಡುತ್ತವೆ. ಅಕ್ಕ ಕೂಡ ಹೊರಗೇ ನಿಂತು, ಕೈಗಳನ್ನಷ್ಟೇ ಒಳಗೆ ಚಾಚಿ ಬಡಿಯುತ್ತಾಳೆ. ಈ ಅಭ್ಯಾಸ ಎಷ್ಟು ಮೈಗಂಟಿದೆಯೆಂದರೆ, ಮನೆಗೆ ಬಂದ ನೆಂಟರನ್ನೂ ಒಮ್ಮೆ ಎಬ್ಬಿಸಿ ಆಚೆ ಕಳಿಸಬೇಕು ಅನ್ನಿಸುತ್ತದಂತೆ.

ಅವಳ ಅಪ್ಪ ಹುಟ್ಟಿನಿಂದಲೇ ಕಣ್ಣು ಕಾಣದವರು. ಕುರ್ಚಿಗಳಿಗೆ ಬೆತ್ತ ಹೆಣೆದು ಸಂಸಾರ ನಡೆಸಿದವರು. ಬೀದಿಯಲ್ಲಿ ಕೋಲು ಹಿಡಿದರೂ ಮನೆಯೊಳಗೆ ಹಿಡಿದವರಲ್ಲ. ನಾಲಿಗೆ ಲೊಚಗುಟ್ಟುತ್ತಾ ನಡೆಯುತ್ತಿದ್ದರು. ಆ ಸದ್ದು ಗೋಡೆಗೋ ಬೀರುವಿಗೋ ತಾಗಿ ಮರಳುವ ಬಗೆಯಲ್ಲೇ ಯಾವುದು ಎಲ್ಲಿದೆಯೆಂದು ಅವರಿಗೆ ತಿಳಿಯುತ್ತಿತ್ತು. ವಿಷಯ ಗೊತ್ತಿಲ್ಲದ ನೆಂಟರು, ಇವರು ನಮ್ಮ ಕಷ್ಟಕ್ಕೆ ಮರುಗುತ್ತಿದ್ದಾರೆ ಎಂದುಕೊಂಡು ಇನ್ನೊಂದಿಷ್ಟು ಕಷ್ಟ ತೋಡಿಕೊಳ್ಳುತ್ತಿದ್ದರಂತೆ.

ಹೋದ ವರ್ಷ ಅಕ್ಕನ ಅಮ್ಮ ತೀರಿಕೊಂಡರು. ಅದರ ಬೆನ್ನಿಗೇ ರಸ್ತೆ ಅಗಲ ಮಾಡಲು ಅವರ ಬಾಡಿಗೆ ಮನೆ ಕೆಡವಿದರು. ಅಪ್ಪ ಮಗಳು ಇಬ್ಬರೂ ಮೂರನೇ ಮಹಡಿಯ ಎರಡು ಕೋಣೆಗಳಿಗೆ ಬಂದರು. ಬಂದ ದಿನ ಕುರ್ಚಿಯಲ್ಲಿ ಕೂತ ಅಪ್ಪ ಆಮೇಲೆ ತಾವಾಗಿ ಏಳಲೇ ಇಲ್ಲ. ಬಚ್ಚಲಿಗೆ ಹೋಗಲೂ ಮಗಳ ಕೈ ಬೇಕು. ಅವಳು ಕೆಲಸದಿಂದ ಬರುವ ತನಕ ಹಾಗೇ ಕೂತಿರುತ್ತಿದ್ದರು. ಲೊಚಗುಟ್ಟುವುದೂ ನಿಂತುಹೋಯಿತು. ಡಾಕ್ಟರು ನೋಡಿ, ಕಾಯಿಲೆ ಏನೂ ಇಲ್ಲ, ಆದರೆ ಹೀಗೇ ಕೂತರೆ ಕಾಲು ಸ್ವಾಧೀನ ತಪ್ಪುತ್ತದೆ, ಮತ್ತೆ ನಡೆಯಲಾರರು ಎಂದರು. ಆ ವಾರವೆಲ್ಲ ಅಕ್ಕ ಹಲಗೆಗಳನ್ನು ಮುರಿದುಹೋಗುವಂತೆ ಬಡಿದಳು.

ಕೊನೆಗೆ ಅವಳೇ ಒಂದು ಉಪಾಯ ಹೂಡಿದಳು. ಅಪ್ಪ ಕಳೆದುಕೊಂಡಿರುವುದು ಹಳೇ ಮನೆಯ ಸದ್ದನ್ನು. ಅದು ನಮ್ಮ ಹತ್ತಿರ ಇದೆ. ಮನೆ ಖಾಲಿ ಮಾಡುವ ಹಿಂದಿನ ದಿನ, ಕುರ್ಚಿ, ಬೀರು ಎಲ್ಲ ಇದ್ದಲ್ಲೇ ಇರುವಾಗ ಅವಳೇ ಹಿಡಿದು ತಂದಿದ್ದಳು. ಆ ಸದ್ದಿನ ನಡುವೆ ನಾಲ್ಕು ಹೆಜ್ಜೆ ಹಾಕಿದರೆ ಅಪ್ಪನಿಗೆ ಧೈರ್ಯ ಮರಳಬಹುದು. ಒಂದು ‘ಹೂಂ’ ಅನ್ನಲು ಮೂರು ಸಭೆ ಕರೆಯುವ ನಮ್ಮ ನಿರ್ದೇಶಕರು ಈ ಸಲ ನಿಂತ ಕಾಲಲ್ಲೇ ಒಪ್ಪಿದರು. ರಜೆಯ ದಿನ ಬೆಳಿಗ್ಗೆ ಅಕ್ಕ ಅಪ್ಪನನ್ನು ಟ್ಯಾಕ್ಸಿಯಲ್ಲಿ ಕರೆತಂದು ಕೇಳುಕೋಣೆಯಲ್ಲಿ ಕೂರಿಸಿ, ಏನು ಮಾಡುತ್ತಿದ್ದೇವೆ ಎಂಬುದನ್ನೆಲ್ಲ ಬಿಡಿಸಿ ಹೇಳಿದಳು. ಅವರು ಮಗಳ ಮನಸ್ಸಿಗೆ ನೋವಾಗಬಾರದೆಂದು ತಲೆಯಾಡಿಸಿದರು.

ನಾನು ರೆಕಾರ್ಡಿಂಗ್ ಹಾಕಿದೆ. ಅಪ್ಪ ಒಲ್ಲದ ಮನಸ್ಸಿನಿಂದ ಒಮ್ಮೆ ಲೊಚಗುಟ್ಟಿ ಕಿವಿಗೊಟ್ಟರು. ಇನ್ನೊಮ್ಮೆ ಲೊಚಗುಟ್ಟಿದರು.

“ಇದು ನಮ್ಮನೆ ಅಲ್ಲ,” ಅಂದರು.

ಅಕ್ಕನ ಮುಖ ಸಪ್ಪಗಾಯಿತು. ಅಷ್ಟು ಚೊಕ್ಕ ರೆಕಾರ್ಡಿಂಗ್ ನಮ್ಮಲ್ಲಿ ಇನ್ನೊಂದಿಲ್ಲ. ಅದೇ ಮನೆಯದು ಇನ್ನೊಂದು ಇತ್ತು ನಿಜ. ಅವಳು ಹೊಸದಾಗಿ ಕೆಲಸ ಕಲಿಯುವಾಗ ಅಭ್ಯಾಸಕ್ಕೆಂದು ಮಾಡಿದ್ದು. ನಿರ್ದೇಶಕರು ಅದನ್ನು ಕೇಳಿದವರೇ, ಕೆಟ್ಟಿದೆ ಎಂದು ಬದಿಗಿಟ್ಟಿದ್ದರು. ಯಾಕೆಂದರೆ ಅವತ್ತು ಅವಳ ಅಮ್ಮ ಕಿಟಕಿ ಪಕ್ಕದ ಕುರ್ಚಿ ಬಿಟ್ಟು ಎದ್ದಿರಲಿಲ್ಲ. ಏನೋ ಹೊಲಿಯುತ್ತಾ ಕೂತಿದ್ದವರು, ನಿನ್ನ ಹಲಗೆಗೆ ಹೆದರಿ ನಾನ್ಯಾಕೆ ಏಳಲಿ ಎಂದಿದ್ದರಂತೆ. ಅಮ್ಮನ ಜೊತೆ ವಾದ ಮಾಡಿ ಗೆದ್ದವರುಂಟೇ ಎಂದು ಅಕ್ಕ ಹಾಗೇ ಬಡಿದು ಮುಗಿಸಿದ್ದಳು. ಈಗ ಬೇರೆ ದಾರಿ ಕಾಣದೆ, ಅದನ್ನೇ ಹಾಕು ಎಂದು ನನಗೆ ಸನ್ನೆ ಮಾಡಿದಳು. ಅಪ್ಪನಿಗೆ ಮತ್ತೆ ವಿವರಿಸುವ ಚೈತನ್ಯ ಅವಳಲ್ಲಿ ಉಳಿದಿರಲಿಲ್ಲ.

ಅಪ್ಪ ಲೊಚಗುಟ್ಟಿದರು. ಹಳೇ ಮನೆಯಲ್ಲಿ ಕಿಟಕಿಯಿದ್ದ ದಿಕ್ಕಿಗೆ ಮುಖ ತಿರುಗಿಸಿ ಮತ್ತೆ ಲೊಚಗುಟ್ಟಿದರು. ಕುರ್ಚಿಯ ಕೈ ಹಿಡಿದು ತಾವೇ ಎದ್ದು ನಿಂತರು. ಅಕ್ಕ ಮುಂದೆ ನುಗ್ಗಿದಾಗ ನಾನು ತಡೆದೆ. ಅವರು ಒಂದೊಂದೇ ಹೆಜ್ಜೆ ಊರಿ ಕೋಣೆ ದಾಟಿದರು. ಒಂದು ಕಡೆ ನಿಂತು, ಮೆಲ್ಲಗೆ ಬಗ್ಗಿ, ಕೂತವರ ಹೆಗಲು ಸಿಗುವ ಎತ್ತರಕ್ಕೆ ಕೈ ಚಾಚಿದರು. ಅಲ್ಲಿ ಏನೂ ಇರಲಿಲ್ಲ. ಕೈ ಸ್ವಲ್ಪ ಹೊತ್ತು ಗಾಳಿಯಲ್ಲೇ ಇತ್ತು. ನಾನು ಸ್ವಿಚ್ಚಿನ ಮೇಲೆ ಬೆರಳಿಟ್ಟೆ, ಆದರೆ ಒತ್ತಲು ಮನಸ್ಸು ಬರಲಿಲ್ಲ.

ಅಕ್ಕ ಹೋಗಿ ಅವರ ತೋಳು ಹಿಡಿದಳು. ಹೀಗಾಗುತ್ತದೆಂದು ಯೋಚಿಸಲಿಲ್ಲ, ತನ್ನದೇ ತಪ್ಪು ಎಂದು ಅತ್ತಳು.

“ನಿನ್ನದೇನೂ ತಪ್ಪಿಲ್ಲಮ್ಮ,” ಅಂದರು ಅಪ್ಪ. “ಹೊಸ ಮನೇಲಿ ದಾರಿ ಗೊತ್ತಾಗದೆ ಕೂತಿದ್ದೀನಿ ಅಂದ್ಕೊಂಡಿದ್ದೀಯ. ಹಾಗಲ್ಲ. ಅಲ್ಲಿ ಒಂದ್ಸಲ ಸದ್ದು ಮಾಡಿದ್ರೂ ಸಾಕು, ಅವಳಿಲ್ಲ ಅಂತ ಕೇಳಿಸಿಬಿಡುತ್ತೆ. ಅದಕ್ಕೇ ಬಾಯಿ ಮುಚ್ಕೊಂಡಿದ್ದೆ.”

ಇನ್ನೂ ಸ್ವಲ್ಪ ಹೊತ್ತು ಇರಲಿ ಬಿಡಿ ಎಂದು ನಾನು ಹೇಳಿದೆ. ಅವರು ಬೇಡ, ಆರಿಸಿಬಿಡಿ ಎಂದರು.

ಅವರನ್ನು ಮನೆ ಮುಟ್ಟಿಸಲು ನಾನೂ ಹೋದೆ. ಆಚೆಯೊಬ್ಬರು ಈಚೆಯೊಬ್ಬರು ಹಿಡಿದುಕೊಂಡು, ನಡುನಡುವೆ ನಿಂತು, ಮೆಟ್ಟಿಲು ಹತ್ತಿಸಿದೆವು. ಅಕ್ಕ ಬೀಗ ತೆಗೆದು ಒಳಗೆ ಕಾಲಿಟ್ಟು, ಕೈಕೊಡಲು ತಿರುಗಿದಳು. ಅಪ್ಪ ನನ್ನ ಹಿಡಿತವನ್ನೂ ಬಿಡಿಸಿಕೊಂಡು ಬಾಗಿಲಲ್ಲಿ ನಿಂತರು. ಬಹಳ ಹೊತ್ತು ನಿಂತರು. ಆಮೇಲೆ ಲೊಚಗುಟ್ಟಿದರು. ಅವರ ಮುಖ ಒಮ್ಮೆ ಕಿವುಚಿಕೊಂಡಿತು. ಏನು ಕೇಳಿಸಿತೆಂದು ನಮ್ಮಿಬ್ಬರಿಗೂ ಗೊತ್ತಿತ್ತು. ಅವರು ಗೋಡೆ ಹಿಡಿದು ಸುಧಾರಿಸಿಕೊಂಡು, ಮತ್ತೊಮ್ಮೆ ಜೋರಾಗಿ ಲೊಚಗುಟ್ಟಿದರು.

“ದಾರಿಗೆ ಅಡ್ಡ ನಿಂತಿದ್ದೀಯ,” ಅಂದರು ಮಗಳಿಗೆ. “ಸ್ವಲ್ಪ ಸರ್ಕೊ, ಒಳಗೆ ಬರ್ತೀನಿ.”