ಗ್ರಹಣ ನೋಡಿದ ಬಾಯಿ

ಲಲಿತಾಬಾಯಿ ದಿನಾ ಕಮಲಾಪುರದಿಂದ ಬಸ್ಸು ಹಿಡಿದು ಕಲಬುರಗಿಯ ವಿಶ್ವವಿದ್ಯಾಲಯಕ್ಕೆ ಹೋಗುತ್ತಿದ್ದಳು. ಆಕೆಯ ಸಂಶೋಧನೆ ಕಪ್ಪುರಂಧ್ರಗಳ ಮೇಲೆ. ಗ್ಯಾಲಕ್ಸಿಯ ನಟ್ಟನಡುವೆ ಕೂತ ಕಪ್ಪುರಂಧ್ರ ಸುತ್ತಲಿನ ಅನಿಲವನ್ನು ಕಾಯಿಸಿ ಹೊರದಬ್ಬುತ್ತದೆ. ಅನಿಲ ತಣಿಯದೆ ಹೊಸ ನಕ್ಷತ್ರ ಹುಟ್ಟುವುದಿಲ್ಲ. ಗ್ಯಾಲಕ್ಸಿ ಹಾಗೇ ಮುದಿಯಾಗುತ್ತದೆ. ಇದನ್ನು ಅತ್ತೆ ಭಾಗಮ್ಮನಿಗೂ ತಿಳಿಹೇಳಿದ್ದಳು.

"ಮನಿ ನಡುವ ಕುಂತು ಎಲ್ಲಾರ್ನೂ ಸುಡತದಂದ್ರ, ಅದು ನಮ್ಮತ್ತಿ ಇದ್ದಂಗ ಅದ ಬಿಡು" ಎಂದು ಭಾಗಮ್ಮ ನಕ್ಕಿದ್ದಳು.

೧೯೯೯ರ ಆಗಸ್ಟ್‌ನಲ್ಲಿ ಸೂರ್ಯಗ್ರಹಣ ಬಂತು. ಬಸುರಿಯರು ಕದ ಮುಚ್ಚಿದ ಕೋಣೆಯಲ್ಲಿ ಅಲುಗಾಡದೆ ಮಲಗಬೇಕಾದ ಹೊತ್ತಿನಲ್ಲಿ, ಐದು ತಿಂಗಳ ಬಸುರಿ ಲಲಿತಾ ಕುಸನೂರ ಕಡೆಯ ಬಯಲಿನಲ್ಲಿ ನಿಂತು, ಮೋಡ ಸರಿದಾಗಲೆಲ್ಲ ವಿದ್ಯಾರ್ಥಿಗಳಿಗೆ ಸೂರ್ಯನನ್ನು ತೋರಿಸಿದಳು. ತಾನೂ ನೋಡಿದಳು.

ಡಿಸೆಂಬರಿನಲ್ಲಿ ಹುಟ್ಟಿದ ಹೆಣ್ಣುಮಗುವಿನ ಮೇಲ್ದುಟಿ ಸೀಳಿತ್ತು. ತುಟಿ ಕೂಡುವುದು ಬಸಿರಿನ ಎರಡನೇ ತಿಂಗಳಲ್ಲೇ, ಗ್ರಹಣಕ್ಕೂ ಇದಕ್ಕೂ ಸಂಬಂಧವಿಲ್ಲ ಎಂದು ಡಾಕ್ಟರು ಹೇಳಿದರು. ಕೋಣನ ಮುಂದೆ ಕಿನ್ನರಿ ಬಾರಿಸಿದಂತಾಯಿತು.

ಮಗುವಿಗೆ ಮೊಲೆ ಹಿಡಿಯಲು ಬರುತ್ತಿರಲಿಲ್ಲ. ಚಮಚದಲ್ಲಿ ಹಾಕಿದ ಹಾಲು ಅರ್ಧ ಕುತ್ತಿಗೆಗೆ ಇಳಿಯುತ್ತಿತ್ತು. ಮೂರು ತಿಂಗಳು ತುಂಬಿದ ಮೇಲೆ ತುಟಿ ಹೊಲಿಯಬಹುದು, ತಂದೆಯ ಸಹಿ ಬೇಕು ಎಂದರು. ತಂದೆ ಸಾಯಬಣ್ಣ ಕಾಲೇಜಿನಲ್ಲಿ ಭೌತಶಾಸ್ತ್ರ ಕಲಿಸುವ ಮಹಾನುಭಾವ. ಕಥೆ ಹೇಳುವ ನನಗೆ ಭಾಗಮ್ಮನಿಗಿಂತ ಇವನ ಮೇಲೇ ಹೆಚ್ಚು ಸಿಟ್ಟು. "ಅವ್ವ ಹೂಂ ಅಂದ್ರ ಮಾಡ್ತೀನಿ" ಎಂದು ಪೆನ್ನು ಜೇಬಿಗೆ ಸಿಕ್ಕಿಸಿಕೊಂಡ.

ಭಾಗಮ್ಮ ಹೇಳಿದಳು: "ಮೂರ ತಿಂಗಳ ತುಂಬಿ ತೊಟ್ಟಿಲದಾಗ ಹಾಕೋ ದಿನ ಹೆಣ್ಮಕ್ಕಳ ಮುಂದ ತಪ್ಪ ಒಪ್ಕೊಳ್ಳಲಿ. ಗ್ರಹಣ ನೋಡಿ ಕೂಸಿನ ಬಾಯಿ ನಾನ ಹರದೆ ಅನ್ನಲಿ. ಆಮ್ಯಾಗ ದವಾಖಾನಿ."

ಲಲಿತಾ ಅಂದಳು. ಒಂದು ಮಾತೂ ಬಿಡದೆ ಅಂದಳು. ಬಂದ ಹೆಂಗಸರು "ಅಯ್ಯ ಶಿವನೇ" ಎಂದು ಕೆನ್ನೆ ಬಡಿದುಕೊಂಡು, ಗುಗ್ಗರಿ ಕಟ್ಟಿಕೊಂಡು ಹೋದರು. ಮಗುವಿಗೆ ಶಿವಲೀಲಾ ಎಂದು ಹೆಸರಿಟ್ಟು, ಮುಂದಿನ ವಾರ ತುಟಿ ಹೊಲಿಸಿದರು.

ಆಮೇಲೆ ಲಲಿತಾಗೆ ಪಿಎಚ್.ಡಿ. ಬಂತು. ಅದೇ ಮುಳುವಾಯಿತು. ಆಕಾಶ ಓದಿದ ಡಾಕ್ಟರಮ್ಮನೇ ಒಪ್ಪಿದ ಮೇಲೆ ಇನ್ನೇನು? ಗ್ರಹಣ ಬಂತೆಂದರೆ ಊರವರು ಆಕೆಯ ಬಾಯಿಂದಲೇ ಬುದ್ಧಿಮಾತು ಕೇಳಲಿ ಎಂದು ಬಸುರಿ ಸೊಸೆಯರನ್ನು ತಂದು ಆಕೆಯ ಮುಂದೆ ಕೂರಿಸತೊಡಗಿದರು. "ಅದು ಸುಳ್ಳ್ರೀ, ಕೂಸಿನ ಸಲುವಾಗಿ ಹಂಗ ಅಂದೆ" ಎಂದರೆ, "ಪಾಪ, ಈಗ ನಾಚತಾಳ" ಎನ್ನುತ್ತಿದ್ದರು.

ಶಿವಲೀಲಾ ಶಾಲೆಗೆ ಸೇರಿದಳು. ಅಲ್ಲಿ ಮಕ್ಕಳು ಆಕೆಯನ್ನು ಕರೆಯುತ್ತಿದ್ದುದೇ ಗ್ರಹಣ ಎಂದು. ಒಂದು ಸಂಜೆ ಅಳುತ್ತ ಬಂದಳು.

"ಅವ್ವಾ, ನೀ ನೋಡಿದ್ದಕ್ಕ ನಾ ಹಿಂಗ ಆದೆನಾ?"

ಲಲಿತಾ ಮಗಳನ್ನು ಹತ್ತಿರ ಕೂರಿಸಿಕೊಂಡು ಚಂದ್ರ, ಸೂರ್ಯ, ನೆರಳು ಎಲ್ಲ ಬರೆದು ತೋರಿಸಿದಳು. ತುಟಿಯ ವಿಷಯವನ್ನೂ ಹೇಳಿದಳು. ಹುಡುಗಿ ಹೊಲಿಗೆಯ ಗೆರೆಯ ಮೇಲೆ ಬೆರಳಾಡಿಸುತ್ತ ಎಲ್ಲವನ್ನೂ ಕೇಳಿದಳು.

"ಸುಳ್ಳ ಹೇಳಬ್ಯಾಡ. ತಪ್ಪ ಮಾಡಲಾರದ ಯಾರರ ಎಲ್ಲಾರ ಮುಂದ ಒಪ್ಕೋತಾರೇನು?"

ಎದ್ದು ಹೋಗಿ ಅಜ್ಜಿಯ ತೊಡೆಯ ಮೇಲೆ ಕೂತಳು.