ಭಾವ ನೇತುಹಾಕಿದ ಹಸಿ ಶಾರ್ಕು

ನನ್ನ ಭಾವ ಅಮಾಂಡಸ್ ಯಾರನ್ನೂ ನಂಬುವವನಲ್ಲ. ಚರ್ಚಿನಲ್ಲಿ ಪ್ರಾರ್ಥನೆ ಮಾಡುವಾಗಲೂ ಅವನ ಒಂದು ಕಣ್ಣು ಅರೆತೆರೆದಿರುತ್ತದೆ, ಪಕ್ಕದವನು ಕೈಗವಸು ಎತ್ತಿಬಿಟ್ಟಾನೆಂದು. ಅಕ್ಕ ತಬಿತಾ ಅವನ ಜೊತೆ ಹೇಗೆ ಬಾಳುತ್ತಾಳೋ, ಗೋಡೆಯಾಚೆಯ ಮನೆಯಲ್ಲಿರುವ ನನಗೇ ಸಾಕಾಗಿಹೋಗಿದೆ.

ನಾವೆಲ್ಲ ಹೆಪ್ಪುಗಟ್ಟಿದ ಸಮುದ್ರದ ಮಂಜುಗಡ್ಡೆಗೆ ತೂತು ಕೊರೆದು ಹಾಲಿಬಟ್ ಮೀನಿಗೆ ಗಾಳದ ಹಗ್ಗ ಇಳಿಬಿಡುವವರು. ಕೆಳಗಿನಿಂದ ಶಾರ್ಕ್ ಬಂದು ಸಿಕ್ಕ ಮೀನನ್ನೆಲ್ಲ ತಿಂದು, ಹಗ್ಗವನ್ನೂ ಮೈಗೆ ಸುತ್ತಿಕೊಂಡು ಮೇಲೆ ಬಂದರೆ ಬೈದು, ಹಗ್ಗ ಕತ್ತರಿಸಿ ಅದನ್ನು ಬಿಟ್ಟುಬಿಡುತ್ತೇವೆ. ಭಾವ ಬಿಡುವುದಿಲ್ಲ. “ನನ್ನ ಮೀನು ತಿಂದಿದ್ದು ನನ್ನ ನಾಯಿ ಹೊಟ್ಟೆಗೇ ಹೋಗ್ಲಿ” ಎಂದು ಎಳೆದು ತಂದು, ಸೀಳಿ, ಮನೆಯ ಹಿಂದಿನ ಅಟ್ಟಣೆಗೆ ನೇತುಹಾಕುತ್ತಾನೆ. ಚೆನ್ನಾಗಿ ಒಣಗಿದರೆ ತೊಂದರೆಯಿಲ್ಲ. ಹಸಿ ತಿಂದರೆ ನಾಯಿ ಕುಡುಕನ ಹಾಗೆ ತೂರಾಡುತ್ತದೆ, ಜಾಸ್ತಿಯಾದರೆ ಸಾಯುತ್ತದೆ.

ಆ ವಸಂತದಲ್ಲಿ ಅಟ್ಟಣೆಯಿಂದ ಒಣ ತುಂಡುಗಳು ಕಾಣೆಯಾಗತೊಡಗಿದವು. ಭಾವನ ಕಣ್ಣು ನೇರವಾಗಿ ನನ್ನ ಮೇಲೆ ಬಿತ್ತು.

“ನಿನ್ ನಾಯಿಗಳು ಮೈ ತುಂಬ್ಕೊಂಡಿವೆ ಗಾಬ್ರಿಯೆಲ್. ಏನ್ ಹಾಕ್ತೀಯ?”

“ಸೀಲ್ ಮಾಂಸ ಭಾವ. ಬೇಟೆಗೆ ಹೋದ್ರೆ ಸಿಗತ್ತೆ. ದುರ್ಬೀನು ಹಿಡ್ಕೊಂಡು ಕಿಟಕೀಲಿ ಕೂತ್ರೆ ಸಿಗಲ್ಲ.”

ಅಂದಿನಿಂದ ಅವನು ನಮ್ಮ ಮನೆಯ ಕಾಫಿ ಬಿಟ್ಟ.

ಒಂದು ಸಂಜೆ ಅವನು ಹಸಿ ಶಾರ್ಕಿನ ತುಂಡುಗಳಿಗೆ ಮಸಿ ಬಳಿಯುತ್ತಿದ್ದುದನ್ನು ಕಂಡೆ. ಹಳೆಯ ಒಣ ತುಂಡಿನಂತೆ ಕಾಣುವ ಹಾಗೆ ಮಾಡಿ, ಕೈಗೆ ಸುಲಭವಾಗಿ ಎಟುಕುವ ಕೊನೆಯಲ್ಲಿ ನೇತುಹಾಕಿದ. ಅವನ ಉಪಾಯ ನನಗೆ ತಕ್ಷಣ ಅರ್ಥವಾಯಿತು: ಯಾರ ನಾಯಿ ತೂರಾಡುತ್ತದೋ ಅವನೇ ಕಳ್ಳ. ನಾನು ಕಳ್ಳನಲ್ಲವಲ್ಲ, ನಗುತ್ತ ಒಳಗೆ ಹೋದೆ.

ಮರುದಿನ ಬೆಳಿಗ್ಗೆಯೇ ಭಾವ ನಮ್ಮ ಅಂಗಳದಲ್ಲಿ ಹಾಜರು. ನನ್ನ ನಾಯಿಗಳ ಕಾಲನ್ನೇ ನೋಡುತ್ತ ನಿಂತ. ಒಂದು ಆಕಳಿಸಿತು. ಅವನು ಆಸೆಯಿಂದ ಬಗ್ಗಿದ. ಅಷ್ಟರಲ್ಲಿ ಅವನ ಮನೆಯಿಂದ ಅಕ್ಕ ಚೀರಿದಳು.

ಓಡಿದೆವು. ಭಾವನ ಹಿಮಬಂಡಿ ಎಳೆಯುವ ನಾಯಿಗಳ ಮುಂದಾಳು, ಕಪ್ಪು ತುಲುಗಾಕ್, ಜೊಲ್ಲು ಸುರಿಸುತ್ತ ಏಳಲು ಹೋಗಿ ಬೀಳುತ್ತಿತ್ತು. ಗಲಾಟೆ ಕೇಳಿ ಊರಿನ ನಾಯಿಗಳ ಉಸ್ತುವಾರಿ ನೋಡುವ ಎನೋಕ್ ಬಂದೂಕು ಹಿಡಿದೇ ಬಂದ.

“ಹುಚ್ಚು ನರಿ ಕಚ್ಚಿದೆ. ಎಲ್ಲಾ ಹಿಂದೆ ಸರೀರಿ.”

“ಹುಚ್ಚಲ್ಲ ಕಣಯ್ಯ, ಹಸಿ ಶಾರ್ಕು!” ಭಾವ ಬಂದೂಕಿಗೆ ಎದೆಕೊಟ್ಟು ನಿಂತ.

“ತನ್ ನಾಯಿಗೆ ತಾನೇ ಹಸಿ ಶಾರ್ಕ್ ಹಾಕೋನು ಯಾವನಿದಾನೆ? ಕತೆ ಕಟ್ಬೇಡ.”

“ನಾನ್ ಹಾಕ್ದೆ,” ಎಂದಳು ಅಕ್ಕ, ಅಳುತ್ತ. ಗಂಡನ ಕಡೆ ತಿರುಗಿದಳು. “ನೀವು ಅಳೆದು ಅಳೆದು ಹಾಕ್ತೀರ. ಅವು ಹಸ್ಕೊಂಡು ನನ್ ಮುಖ ನೋಡ್ತವೆ. ನೀವು ಆಚೆ ಹೋದಾಗೆಲ್ಲ ಎರಡೆರಡು ತುಂಡು ಹಾಕ್ತಿದ್ದೆ. ಇವತ್ತು ತುಲುಗಾಕ್‌ಗೆ ಹಾಕಿದ್ದು ಚಳಿಗೆ ಕಲ್ಲಾಗಿತ್ತು, ಒಣಗಿದ್ದೇ ಅಂದ್ಕೊಂಡೆ.”

ಎನೋಕ್ ಮಾತ್ರ ಬಂದೂಕು ಇಳಿಸಲಿಲ್ಲ.

“ಹೆಂಡ್ತಿ ಗಂಡನ ಕಡೆ ಹೇಳ್ದೆ ಇರ್ತಾಳಾ? ಇನ್ಯಾರಾದ್ರೂ ನೋಡಿದೀರಾ?”

ಭಾವ ನನ್ನತ್ತ ತಿರುಗಿದ. ಆ ಹೊತ್ತಿನಲ್ಲೂ ಅವನ ಕಣ್ಣಿನಲ್ಲಿದ್ದುದು ಅದೇ ಅನುಮಾನ, ನಾನು ಸುಮ್ಮನಿದ್ದು ಸೇಡು ತೀರಿಸಿಕೊಳ್ಳುತ್ತೇನೆಂದು. ನನಗೆ ಮೈಯೆಲ್ಲ ಉರಿಯಿತು. ಆದರೆ ತುಲುಗಾಕ್ ಮರಿಯಾಗಿದ್ದಾಗ ನನ್ನ ಬೂಟಿನೊಳಗೆ ಮಲಗುತ್ತಿದ್ದ ನಾಯಿ.

“ನಾನ್ ನೋಡ್ದೆ,” ಎಂದೆ. “ಭಾವ ಹಸಿ ತುಂಡಿಗೆ ಮಸಿ ಬಳಿದು ನೇತಾಕ್ತಿದ್ರು. ನನ್ನನ್ನ ಹಿಡಿಯೋದಕ್ಕೆ.”

ಸುತ್ತ ನಿಂತವರು ನಕ್ಕರು. ಎನೋಕ್ ಬಂದೂಕು ಇಳಿಸಿ, ನಾಯಿಯನ್ನು ಕಟ್ಟಿಹಾಕಿ ಕಾಯಲು ಹೇಳಿದ. ಮರುದಿನ ತುಲುಗಾಕ್ ಎದ್ದು ನಿಂತು ಊಳಿಟ್ಟಿತು.

ಅವತ್ತೇ ಭಾವ ದೊಡ್ಡದೊಂದು ಹಾಲಿಬಟ್ ಹೊತ್ತುಕೊಂಡು ನಮ್ಮ ಮನೆಗೆ ಬಂದ. ನನ್ನ ಹೆಂಡತಿ ಕಾಫಿ ಕೊಟ್ಟಳು. ತಲೆ ತಗ್ಗಿಸಿ ಕುಡಿದ, ಕಣ್ಣು ಒರೆಸಿಕೊಂಡ. ಪಾಪ, ಬದಲಾದ ಎಂದುಕೊಂಡೆ. ಲೋಟ ಕೆಳಗಿಟ್ಟು ಮೆಲ್ಲಗೆ ಕೇಳಿದ:

“ಅದ್ಸರಿ ಗಾಬ್ರಿಯೆಲ್, ಅವತ್ತು ಸಂಜೆ ನನ್ ಅಟ್ಟಣೆ ಕಡೆ ನೀನ್ಯಾಕೆ ನೋಡ್ತಿದ್ದೆ?”