ಖಾಲಿ ಬಂದ ರಂಪಣಿ

೧೯೬೦ರ ದಶಕದ ಮೊದಲ ವರ್ಷಗಳು. ಒಂದು ಇಲಾಖೆಯ ಪ್ರಚಾರ ಘಟಕದಲ್ಲಿ ನಾನು ಸಾಕ್ಷ್ಯಚಿತ್ರ ತೆಗೆಯುವ ತಾತ್ಕಾಲಿಕ ನೌಕರ. ಮಂಗಳೂರಿನ ಮೀನುಗಾರಿಕೆಯ ಮೇಲೆ ಒಂದು ಚಿತ್ರ ಬೇಕೆಂದು ಆದೇಶ ಬಂತು. ಆಗಿನ ಸಾಕ್ಷ್ಯಚಿತ್ರಗಳಲ್ಲಿ ಕಾಮೆಂಟರಿಯದೇ ಕಾರುಬಾರು. ತೆರೆಯ ಹಿಂದಿನ ದನಿಯೊಂದು ಮೊದಲಿನಿಂದ ಕೊನೆಯವರೆಗೆ ಪ್ರಗತಿಯ ಪಾಠ ಒಪ್ಪಿಸುತ್ತಿತ್ತು. ನನಗದು ತಲೆಚಿಟ್ಟು ಹಿಡಿಸಿತ್ತು. ಒಂದು ಮಾತೂ ಇಲ್ಲದೆ, ಬಲೆ ಎಳೆಯುವವರ ಕೂಗಿನಲ್ಲೇ ಚಿತ್ರ ಮುಗಿಸುತ್ತೇನೆಂದು ಹಟ ಹಿಡಿದೆ.

ಕೂಳೂರು ಸೇತುವೆಯಾಚೆಯ ಕಡಲತಡಿಯಲ್ಲಿ ವಾಸು ತಂಡೇಲರ ರಂಪಣಿ ಇತ್ತು. ರಂಪಣಿಯೆಂದರೆ ಊರವರೆಲ್ಲ ಸೇರಿ ದಡದಿಂದಲೇ ಎಳೆಯುವ ದೊಡ್ಡ ಬಲೆ. ಆ ಗುಂಪಿನ ಮುಖಂಡನೇ ತಂಡೇಲ. ಕೀ ಕೊಟ್ಟು ಓಡಿಸುವ ಕ್ಯಾಮೆರಾ ಹಿಡಿದು ನಾನು ಹಗ್ಗದ ಜೊತೆಜೊತೆಗೇ ಹಿಂದೆ ಸರಿದೆ. ಬೆನ್ನು, ಹಿಮ್ಮಡಿ, ಕುತ್ತಿಗೆಯ ನರ ಎಲ್ಲವೂ ಫಿಲ್ಮಿಗೆ ಬಂದವು. ಕೊನೆಗೆ ಬಲೆಯೂ ಬಂತು, ಬರೀ ಪಾಚಿ ತುಂಬಿಕೊಂಡು. ಅದನ್ನೂ ತೆಗೆದೆ.

ಚಿತ್ರ ನೋಡಿದ ಮೇಲಧಿಕಾರಿ ಸಿಡಿಮಿಡಿಗೊಂಡರು. "ಇದೇನ್ರೀ, ಸರಕಾರದ ಚಿತ್ರದಲ್ಲಿ ಖಾಲಿ ಬಲೆ? ಬಂದರಿನಿಂದ ಮೀನು ತರಿಸಿ, ಬಲೆಗೆ ಹಾಕಿ, ಇನ್ನೊಮ್ಮೆ ಎಳೆಸಿ. ಇಲ್ಲವಾದರೆ ನಾಳೆಯೇ ಕ್ಯಾಮೆರಾ, ರೀಲು ಒಪ್ಪಿಸಿ ಹೊರಡಿ."

ನಾನು ಒಪ್ಪದಾಗ ನನ್ನನ್ನೂ ಜೀಪಿಗೆ ಹತ್ತಿಸಿಕೊಂಡು ತಾವೇ ತಂಡೇಲರ ಬಳಿಗೆ ಹೋದರು. ಖಾಲಿ ಬಲೆ ಊರಿಗೇ ಅವಮಾನವಲ್ಲವೇ ಎಂದು ಪುಸಲಾಯಿಸಿದರು.

ತಂಡೇಲರು ಬಲೆ ಹೊಲಿಯುವ ಕೈ ನಿಲ್ಲಿಸಲಿಲ್ಲ. "ಪೇಟೆಯ ಮೀನು ನಮ್ಮ ಬಲೆಗೆ ಹಾಕ್ಲಿಕ್ಕಾ? ಮತ್ತೆ ನಾನು ಈ ಊರಲ್ಲಿ ತಲೆಯೆತ್ತಿ ನಡೀಲಿಕ್ಕುಂಟಾ ಮಾರಾಯ್ರೆ? ಎಳೆದದ್ದು ನಾವು, ಬಂದದ್ದು ಖಾಲಿ. ಅದರಲ್ಲಿ ನಾಚಿಕೆ ಎಂತದ್ದು? ಹಾಗೆಯೇ ತೋರಿಸಿ."

ನನಗೆ ಆನೆಬಲ ಬಂತು. ಕ್ಯಾಮೆರಾವನ್ನು ಅಲ್ಲೇ ಜೀಪಿನಲ್ಲಿಟ್ಟೆ. "ರೀಲು ನಾಳೆ ಕೊಡ್ತೇನೆ, ಸಾರ್. ಇವತ್ತು ಇದನ್ನು ಇವರು ನೋಡಬೇಕು," ಎಂದೆ.

ಕುಲಶೇಖರದ ಗೆಳೆಯನ ಪ್ರೊಜೆಕ್ಟರ್, ಜನರೇಟರ್ ತಂದು, ಮುಸ್ಸಂಜೆ ದೋಣಿಯ ಹಾಯಿಯ ಮೇಲೆ ಚಿತ್ರ ಬಿಟ್ಟೆ. ಕೂಗನ್ನು ಬೇರೆಯಾಗಿ ಹಿಡಿದಿಟ್ಟಿದ್ದ ಸದ್ದಿನ ಟೇಪು ಕಚೇರಿಯಲ್ಲೇ ಉಳಿದಿತ್ತು. ತೆರೆಯ ಮೇಲೆ ಹಗ್ಗ ಬಿಗಿಯುತ್ತಿದ್ದಂತೆ ಕೂತವರೇ ಕೂಗು ಹಾಕತೊಡಗಿದರು. ಹೆಂಗಸರೂ ದನಿಗೂಡಿಸಿದರು. ಖಾಲಿ ಬಲೆ ಬಂದಾಗ ಯಾರೂ ತಲೆ ತಗ್ಗಿಸಲಿಲ್ಲ. ನನ್ನ ಕಣ್ಣು ತುಂಬಿ ಬಂತು.

"ಮುಗೀತಾ?" ತಂಡೇಲರು ಕೇಳಿದರು.

"ಮುಗೀತು."

"ನಾಳೆ ಮತ್ತೆ ಬಲೆ ಹಾಕ್ಲಿಕ್ಕುಂಟು. ಅದನ್ನೂ ತೆಗೀರಿ."

"ಕ್ಯಾಮೆರಾ ಇಲ್ಲ ತಂಡೇಲ್ರೆ. ಕೆಲಸವೂ ಇಲ್ಲ."

"ಹಾಗಾದ್ರೆ ಬಂದು ಹಗ್ಗ ಹಿಡೀರಿ."

ಮರುದಿನ ಹಗ್ಗ ಹಿಡಿದೆ. ಅಂಗೈಯ ಚರ್ಮ ಸುಲಿಯಿತು. ಅದೇ ಕೈಯಲ್ಲಿ ಹೋಗಿ ರೀಲು ಒಪ್ಪಿಸಿದೆ. ಅದು ಮತ್ತೆ ತೆರೆ ಕಾಣಲಿಲ್ಲ. ಆಮೇಲೆ ಸ್ವಂತ ಕ್ಯಾಮೆರಾದಲ್ಲಿ ಬಹಳ ಚಿತ್ರ ತೆಗೆದೆ. ಕೆಲವನ್ನು ಜನ ಮೆಚ್ಚಿದರು, ಕೆಲವಕ್ಕೆ ಉಗಿದರು. ಯಾವುದರಲ್ಲೂ ತಂದು ಹಾಕಿದ ಮೀನಿಲ್ಲ.